ಸಿತೋದಿಂದ ಟ್ರುವಾದವರೆಗೆ: ಹಳೆಯ ಹಸ್ತಪ್ರತಿಗಳ ಜಾಡಿನಲ್ಲಿ

ಫ್ರಾನ್ಸಿನ ಬರ್ಗಂಡಿ ಪ್ರಾಂತ್ಯಕ್ಕೆ ಕಳೆದ ಜೂನ್‌ನಲ್ಲಿ ನಾವಿಬ್ಬರು ಹೋದದ್ದು, ಸಿಸ್ಟರ್ಸಿಯನ್ ಎಂಬ ಕ್ರೈಸ್ತ ಸಂಘದ ಸನ್ಯಾಸಿಗಳು 12ನೆಯ ಶತಮಾನದಲ್ಲಿ ಬರೆದಿಟ್ಟ ಪುಸ್ತಕಗಳನ್ನೂ ಅವರ ಮಠಗಳನ್ನೂ ನೋಡುವುದಕ್ಕಾಗಿ. ಇದೇ ಆಸಕ್ತಿಯಿಂದ ಹೊರಡುವವರು ಡಿಜೋನ್, ಸಿತೋ, ಫೋಂಟನೆ, ಟ್ರುವಾ ಎಂಬ ಕ್ರಮವನ್ನೇ ಇಟ್ಟುಕೊಳ್ಳಬೇಕು. ಒಂದು ಧಾರ್ಮಿಕ ಸುಧಾರಣೆ ಪುಸ್ತಕದ ಪುಟವನ್ನು ಹೇಗೆ ಬದಲಿಸಿತೆಂಬುದು ಈ ಕ್ರಮದಲ್ಲಿ ನೋಡಿದಾಗಲೇ ಸ್ಪಷ್ಟವಾಗುತ್ತದೆ.

ಪ್ಯಾರಿಸ್ಸಿನ ಗಾರ್ ದ ಲಿಯೋನ್ ನಿಲ್ದಾಣದಿಂದ ಡಿಜೋನ್‌ಗೆ ವೇಗದ ರೈಲಿನಲ್ಲಿ ಸುಮಾರು ಒಂದೂವರೆ ಗಂಟೆಯ ದಾರಿ. ಫ್ರೆಂಚ್ ಕ್ರಾಂತಿಯ ಕಾಲದಲ್ಲಿ ಮುಟ್ಟುಗೋಲಾದ ಸಿತೋ ಮಠದ ಹಸ್ತಪ್ರತಿಗಳು ಈಗ ಅಲ್ಲಿಯ ನಗರ ಗ್ರಂಥಾಲಯದಲ್ಲಿವೆ. ಮೂಲಪ್ರತಿಗಳನ್ನು ಸಾಮಾನ್ಯವಾಗಿ ಪ್ರದರ್ಶನಕ್ಕೆ ಇಡುವುದಿಲ್ಲ. ಆದ್ದರಿಂದ ಪ್ರದರ್ಶನವೇನಾದರೂ ಇದೆಯೇ ಎಂದು ಮೊದಲೇ ಪತ್ರ ಬರೆದು ವಿಚಾರಿಸಿ, ಗ್ರಂಥಾಲಯವೇ ಮಾಡಿಸಿರುವ ಡಿಜಿಟಲ್ ಪ್ರತಿಗಳನ್ನು ಮನೆಯಲ್ಲಿಯೇ ಬಿಡುವಾಗಿ ನೋಡಿಕೊಂಡು ಹೋಗುವುದು ಒಳ್ಳೆಯದು.

ಹಾಗೆ ನೋಡುವಾಗ ಸ್ಟೀಫನ್ ಹಾರ್ಡಿಂಗ್ ಬರೆಸಿದ ಬೈಬಲ್ಲಿಗೆ ಒಂದು ಸಂಜೆಯನ್ನಾದರೂ ಮೀಸಲಿಡಿ. ಸಿಸ್ಟರ್ಸಿಯನ್ ಸಂಘಕ್ಕೆ ಮೂಲವಾದ ಸಿತೋ ಮಠ ಹುಟ್ಟಿದ್ದು 1098ರಲ್ಲಿ. ಸಂತ ಬೆನೆಡಿಕ್ಟನು ಸನ್ಯಾಸಿಗಳ ಬಾಳಿಗೆ ಹಾಕಿಕೊಟ್ಟ ನಿಯಮವನ್ನು ಸಡಿಲಿಸದೆ ಬದುಕಬೇಕೆಂದು ಮೊಲೆಮ್ ಮಠವನ್ನು ಬಿಟ್ಟುಬಂದವರು ಅದನ್ನು ಕಟ್ಟಿದರು. ಹಾರ್ಡಿಂಗ್ ಅದರ ಮೂರನೆಯ ಮಠಾಧಿಪತಿ. ಪ್ರತಿಯಿಂದ ಪ್ರತಿಗೆ ಬೈಬಲ್ಲಿನ ಪಾಠ ಬೇರೆಯಾಗಿರುವುದನ್ನು ಕಂಡು ಅವನು ಯಹೂದಿ ವಿದ್ವಾಂಸರ ಬಳಿ ಹೋಗಿ, ಕೆಲವು ಪ್ರತಿಗಳಲ್ಲಷ್ಟೇ ಇರುವ ವಾಕ್ಯಗಳು ಅವರ ಹೀಬ್ರೂ ಗ್ರಂಥಗಳಲ್ಲಿವೆಯೇ ಎಂದು ಆಡುಮಾತಿನಲ್ಲಿಯೇ ಕೇಳಿ ತಿಳಿದುಕೊಂಡನು. ಅಲ್ಲಿ ಇಲ್ಲದ ವಾಕ್ಯಗಳನ್ನು ತನ್ನ ಪ್ರತಿಯಿಂದ ಕೆರೆದು ತೆಗೆಸಿದನು. ಇದನ್ನೆಲ್ಲ 1109ರ ಟಿಪ್ಪಣಿಯೊಂದರಲ್ಲಿ ತಾನೇ ದಾಖಲಿಸಿ, ಕೆರೆದ ಜಾಗಗಳು ಕಾಣುತ್ತವೆ, ಅಲ್ಲಿ ಮತ್ತೆ ಯಾರೂ ಏನನ್ನೂ ಸೇರಿಸಕೂಡದು ಎಂದು ವಿಧಿಸಿದ್ದಾನೆ. ಚಿತ್ರವನ್ನು ಹಿಗ್ಗಿಸಿದರೆ ಒತ್ತಾಗಿ ಬರೆದ ಸಾಲುಗಳ ನಡುವೆ ಥಟ್ಟನೆ ಬರಿದಾಗುವ ಚರ್ಮದ ಹಾಳೆಯನ್ನು ನೋಡಬಹುದು. ತಿದ್ದಿದ್ದನ್ನು ಬಚ್ಚಿಡದ ಆ ಪ್ರಾಮಾಣಿಕತೆಗೆ ನಾನು ಮನಸೋತೆ.

1111ರ ಹೊತ್ತಿಗೆ ಅದೇ ಮಠದಲ್ಲಿ ಸಿದ್ಧವಾದ, ಬೈಬಲ್ಲಿನ ಯೋಬನ ಗ್ರಂಥಕ್ಕೆ ಪೋಪ್ ಗ್ರೆಗರಿ ಬರೆದ ವ್ಯಾಖ್ಯಾನದ ಪ್ರತಿಯನ್ನೂ ನೋಡಿ. ಅದರಲ್ಲಿ ಅಧ್ಯಾಯದ ಮೊದಲಕ್ಷರದೊಳಗೆ ಸನ್ಯಾಸಿಗಳು ಮರ ಕಡಿಯುತ್ತಾರೆ, ಸೌದೆ ಸೀಳುತ್ತಾರೆ, ಪೈರು ಕೊಯ್ಯುತ್ತಾರೆ. ಬಣ್ಣಗಳು ಇಂದಿಗೂ ಕಣ್ಣಿಗೆ ಹಬ್ಬ.

ಡಿಜೋನ್‌ನ ದಕ್ಷಿಣಕ್ಕಿರುವ ಸಿತೋಗೆ ಬಾಡಿಗೆ ಕಾರಿನಲ್ಲಿ ಹೋಗುವುದೇ ಅನುಕೂಲ. ಮಧ್ಯಯುಗದ ಕಟ್ಟಡಗಳು ಬಹುಪಾಲು ನಾಶವಾಗಿರುವುದರಿಂದ, ಹಳೆಯ ಗ್ರಂಥಾಲಯದ ಕಟ್ಟಡವನ್ನು ನೋಡಿದರೆ ಅರ್ಧ ದಿನ ಸಾಕು. ಮಾರ್ಗದರ್ಶಿಯೊಂದಿಗಿನ ಭೇಟಿ ವರ್ಷವಿಡೀ ಇರುವುದಿಲ್ಲ ಎಂಬುದನ್ನು ಗಮನಿಸಿ.

ಉಳಿದ ಸಮಯವನ್ನು ಫೋಂಟನೆಗೆ ಕೊಡಿ. 1118ರಲ್ಲಿ ಕ್ಲೆರ್ವೋ ಎಂಬ ಸಿಸ್ಟರ್ಸಿಯನ್ ಮಠದ ಅಧಿಪತಿ ಬರ್ನಾರ್ಡ್ ಸ್ಥಾಪಿಸಿದ ಈ ಮಠ 1981ರಿಂದ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ. ಮೋಂಬಾರ್ ರೈಲು ನಿಲ್ದಾಣದಿಂದ ಅಲ್ಲಿಗೆ ಕೆಲವೇ ಕಿಲೋಮೀಟರ್. ಆದರೆ ಟ್ಯಾಕ್ಸಿಯನ್ನು ಹಿಂದಿನ ದಿನವೇ ಗೊತ್ತುಮಾಡಬೇಕು, ಮಾಡದ ನಾವು ಬಿಸಿಲಿನಲ್ಲಿ ಬಹಳ ಹೊತ್ತು ಕಾಯಬೇಕಾಯಿತು. ಚರ್ಚಿಗೆ ಗೋಪುರವಿಲ್ಲ, ಗೋಡೆಗಳ ಮೇಲೆ ಚಿತ್ರವಿಲ್ಲ. ಸನ್ಯಾಸಿಗಳು ಕೆಲಸ ಮಾಡುತ್ತಿದ್ದ ಹಜಾರದ ಪಕ್ಕದಲ್ಲಿಯೇ ಬೆಂಕಿಗೂಡಿನ ಕೋಣೆಯಿದೆ. ಜೂನ್‌ನಲ್ಲಿಯೂ ಆ ಹಜಾರದ ಕಲ್ಲು ತಣ್ಣಗಿತ್ತು, ಚಳಿಗಾಲದಲ್ಲಿ ಬರೆಯುವ ಕೈ ಆ ಬೆಂಕಿಯನ್ನು ಎಷ್ಟು ಬಯಸಿರಬೇಕು! ಬೇಸಿಗೆಯಾದರೂ ತೆಳುವಾದ ಸ್ವೆಟರ್ ಜೊತೆಗಿರಲಿ.

ಮಠದ ಕಂಬಗಳಲ್ಲಿ ಕೆತ್ತಿದ ವಿಚಿತ್ರ ಮೃಗಗಳು ಓದುವವನ ಮನಸ್ಸನ್ನು ಪುಸ್ತಕದಿಂದ ಸೆಳೆದುಬಿಡುತ್ತವೆಂದು ಬರ್ನಾರ್ಡ್ 1125ರ ಸುಮಾರಿಗೆ ಕಟುವಾಗಿ ಬರೆದನು. ಅದೇ ಶತಮಾನದಲ್ಲಿ ಸಿಸ್ಟರ್ಸಿಯನ್ ಸಂಘದ ಕಟ್ಟಳೆಯೊಂದು ಅಕ್ಷರಗಳು ಒಂದೇ ಬಣ್ಣದಲ್ಲಿರಬೇಕು, ಚಿತ್ರಗಳಿರಕೂಡದು ಎಂದಿತು. ಅದರ ಫಲ ಟ್ರುವಾದಲ್ಲಿದೆ. ನಾವು ಪ್ಯಾರಿಸ್ಸಿಗೆ ಮರಳಿ, ಗಾರ್ ದ ಲೆಸ್ತ್ ನಿಲ್ದಾಣದಿಂದ ಸುಮಾರು ಒಂದೂವರೆ ಗಂಟೆಯಲ್ಲಿ ಅಲ್ಲಿಗೆ ತಲುಪಿದೆವು. ಕ್ಲೆರ್ವೋ ಮಠದ ಗ್ರಂಥಭಂಡಾರಕ್ಕೆ 1472ರಲ್ಲಿ ಪಟ್ಟಿ ಮಾಡಲಾಯಿತು; ಅದರಲ್ಲಿ ಉಳಿದುಬಂದ ಸಾವಿರಕ್ಕೂ ಹೆಚ್ಚು ಹಸ್ತಪ್ರತಿಗಳು 2009ರಲ್ಲಿ ಯುನೆಸ್ಕೋದ ವಿಶ್ವಸ್ಮೃತಿ ಪಟ್ಟಿಗೆ ಸೇರಿದವು. ಬಹುಪಾಲು ಈ ಊರಿನ ಗ್ರಂಥಾಲಯದಲ್ಲಿವೆ, ಅವುಗಳ ಚಿತ್ರಗಳೂ ಅಂತರ್ಜಾಲದಲ್ಲಿ ಸಿಗುತ್ತವೆ. ಕ್ಲೆರ್ವೋದ ದೊಡ್ಡ ಬೈಬಲ್ಲಿನ ಒಂದು ಪುಟವನ್ನು ಹಾರ್ಡಿಂಗನ ಪುಟದ ಪಕ್ಕಕ್ಕಿಟ್ಟು ನೋಡಿ. ಕ್ಲೆರ್ವೋದ ಪುಟದಲ್ಲಿ ಮನುಷ್ಯರು, ಮೃಗಗಳು ಯಾವುದೂ ಇಲ್ಲ. ಒಂದೇ ಬಣ್ಣದ ದೊಡ್ಡ ಅಕ್ಷರ, ಅದರೊಳಗೆ ಬಣ್ಣ ಹಚ್ಚದೆ ಬಿಟ್ಟ ಸಣ್ಣ ಜಾಗದಲ್ಲಿ ಬಳ್ಳಿಯ ಸುರುಳಿ.