ಪಾಪ ಅನಿಸಲ್ವಾ ಅಂತ ಕೇಳುವವರಿಗೆ

ರಾಸಾಯನಿಕಗಳಲ್ಲಿ ಎಷ್ಟು ವಿಷ ಇದೆ ಅಂತ ಜೀಬ್ರಾ ಮೀನಿನ ಭ್ರೂಣಗಳ ಮೇಲೆ ಪರೀಕ್ಷೆ ಮಾಡುವುದು ನನ್ನ ಕೆಲಸ. ಇದು ಗೊತ್ತಾದ ಕೂಡಲೇ ಎಲ್ಲರದ್ದೂ ಒಂದೇ ಪ್ರಶ್ನೆ: 'ಅಯ್ಯೋ, ಪಾಪ ಅನಿಸಲ್ವಾ?' ಅನಿಸುತ್ತೆ. ಮುಂದೆ?

ಕುಂದಾಪುರದ ಕಡೆ ಒಂದು ಊಟದಲ್ಲಿ ದೂರದ ಸಂಬಂಧದ ಮಾವ ಒಬ್ಬರು, "ಅಲ್ಲ ಮಾರಾಯ್ತಿ, ಕಣ್ಣು ಬಿಡದ ಮೀನಿನ ಮರಿಗೆ ವಿಷ ಹಾಕ್ಲಿಕ್ಕೆ ಹೇಗೆ ಮನಸ್ಸು ಬರ್ತದೆ?" ಅಂದರು. ಅವರ ಎಲೆಯಲ್ಲಿ ಎರಡು ಬಂಗುಡೆ. ಒಂದರ ಹೊಟ್ಟೆಯಲ್ಲಿದ್ದ ಮೊಟ್ಟೆಯನ್ನು ಹುಷಾರಾಗಿ ಬಿಡಿಸಿ, ಕೊನೆಗೆ ತಿನ್ನಲು ಪಕ್ಕಕ್ಕಿಟ್ಟಿದ್ದರು. ನಾನು ಅದನ್ನೇ ನೋಡುತ್ತಾ ಸಾರು ಕಲಸಿದೆ.

ಈಜಾಡುವ ಮೀನುಗಳನ್ನೇ ವಿಷದ ನೀರಿಗೆ ಬಿಟ್ಟು, 96 ಗಂಟೆಯಲ್ಲಿ ಎಷ್ಟು ಸಾಯುತ್ತವೆ ಅಂತ ಎಣಿಸುವ ಪದ್ಧತಿ ಇದೆ. ಅದನ್ನು ಕಡಿಮೆ ಮಾಡಲಿಕ್ಕೇ ಭ್ರೂಣದ ಪರೀಕ್ಷೆ ಬಂದದ್ದು. ಇಂಥ ಪರೀಕ್ಷೆಗಳ ವಿಧಾನ ಗೊತ್ತುಮಾಡುವ, ಹಲವು ದೇಶಗಳ ಕೂಟವಾದ ಒಇಸಿಡಿಯ 236ನೇ ಮಾರ್ಗಸೂಚಿ ಇದು, 2013ರದ್ದು. ಯುರೋಪಿನ ಕಾನೂನು ಕೂಡ ಮರಿ ತಾನೇ ಆಹಾರ ಹುಡುಕಿ ತಿನ್ನಲು ಶುರು ಮಾಡಿದ ಮೇಲಷ್ಟೇ ಅದನ್ನು ಪ್ರಯೋಗಪ್ರಾಣಿ ಅನ್ನುತ್ತೆ. ನಮ್ಮವು ಅಲ್ಲಿಯವರೆಗೆ ಮೊಟ್ಟೆಯ ಹಳದಿ ಭಾಗದ ಮೇಲೇ ಬದುಕಿರುತ್ತವೆ.

ಮೊಟ್ಟೆ ಸುಮಾರು ಒಂದು ಮಿಲಿಮೀಟರ್. ಸಿಪ್ಪೆ ಪಾರದರ್ಶಕ, ಹಾಗಾಗಿ ಒಳಗಿನದೆಲ್ಲ ಕಾಣುತ್ತೆ. 24 ಗುಳಿಗಳ ಪ್ಲೇಟಿನಲ್ಲಿ ಗುಳಿಗೊಂದು ಮೊಟ್ಟೆ, ನೀರು 26 ಡಿಗ್ರಿ. ದಿನಕ್ಕೊಮ್ಮೆ ಮೈಕ್ರೋಸ್ಕೋಪಿನಲ್ಲಿ ನೋಡುವುದು. ಬೆಳ್ಳಗೆ ಮಬ್ಬಾಗಿದೆಯಾ? ಬೆನ್ನುದ್ದಕ್ಕೂ ಗೆಣ್ಣುಗಳು ಮೂಡಿಲ್ಲವಾ? ಬಾಲ ಹಳದಿಗೇ ಅಂಟಿಕೊಂಡಿದೆಯಾ? 48 ಗಂಟೆಯಾದರೂ ಹೃದಯ ಬಡಿಯುತ್ತಿಲ್ಲವಾ? ಈ ನಾಲ್ಕರಲ್ಲಿ ಒಂದು ಇದ್ದರೂ ಸತ್ತಿದೆ ಅಂತ ಬರೆಯಬೇಕು. ಶುದ್ಧ ನೀರಿನಲ್ಲಿಟ್ಟವು ನೂರಕ್ಕೆ 90 ಬದುಕದಿದ್ದರೆ ಇಡೀ ಪರೀಕ್ಷೆ ರದ್ದು. ಗೊತ್ತಿರುವ ವಿಷ ಹಾಕಿದ್ದರಲ್ಲಿ ನೂರಕ್ಕೆ 30 ಆದರೂ ಸಾಯದಿದ್ದರೂ ರದ್ದು. ಹೌದು, ಸಾಯಲಿಲ್ಲ ಅಂತ ತಲೆ ಕೆಡಿಸಿಕೊಳ್ಳುವ ಕೆಲಸ ನನ್ನದು, ನಗಬೇಡಿ.

ಸತ್ತವುಗಳ ಬಗ್ಗೆ ಇಷ್ಟೆಲ್ಲ ಕೇಳುತ್ತೀರಲ್ಲ, ಬದುಕಿ ಉಳಿದವು ಹೇಗಿವೆ ಅಂತ ಒಬ್ಬರೂ ಕೇಳಲ್ಲ. ಕೆಲವಕ್ಕೆ ಬೆನ್ನು ಕೊಕ್ಕೆಯಾಗಿರುತ್ತೆ. ಹೃದಯದ ಸುತ್ತ ನೀರು ತುಂಬಿ ಉಬ್ಬಿರುತ್ತೆ, ಒಳಗೆ ಹೃದಯ ನಿಧಾನಕ್ಕೆ ಬಡಿಯುತ್ತಲೇ ಇರುತ್ತೆ. ಬಡಿಯುತ್ತಿದೆ ಅಂದಮೇಲೆ ಬದುಕಿದೆ ಅಂತಲೇ ಲೆಕ್ಕ. ಅರ್ಧದಷ್ಟು ಸಾಯಲು ಎಷ್ಟು ವಿಷ ಬೇಕು ಅನ್ನುವ ಎಲ್‌ಸಿ50 ಅಂಕಿಯಲ್ಲಿ ಆ ಕೊಕ್ಕೆ ಬೆನ್ನು ಎಲ್ಲೂ ಕಾಣಲ್ಲ. ಹೊಳೆಯಲ್ಲಿ ಅಂಥ ಮರಿಯನ್ನು ಇನ್ನೊಂದು ಮೀನು ನುಂಗದೆ ಬಿಡುತ್ತಾ?

ಅದನ್ನು ಕೇಳಿ. ಫೋಟೋ ಸಮೇತ ಉತ್ತರ ಕೊಡುತ್ತೇನೆ, ಎಷ್ಟು ಹೊತ್ತಾದರೂ ಸರಿ.