ಜಲಸಂಧಿಯ ಬಾಗಿಲಲ್ಲಿ ಬಲೆ

ಕಾದಿಸ್‌ನಿಂದ ಬಸ್ಸು ಹಿಡಿದು ಬಾರ್ಬಾತೆಗೆ ಬಂದಾಗ ಮೇ ತಿಂಗಳ ಕೊನೆ. ಸ್ಪೇನಿನ ಈ ದಕ್ಷಿಣದ ಅಂಚಿನಲ್ಲಿ ಪೂರ್ವದಿಂದ ಬೀಸುವ ಲೆವಾಂತೆ ಗಾಳಿ ಎದ್ದರೆ ತಲೆಯ ಮೇಲೆ ಟೋಪಿ ನಿಲ್ಲದು. ಅಟ್ಲಾಂಟಿಕ್‌ನ ಬ್ಲೂಫಿನ್ ಟ್ಯೂನಾಗಳು ಮೊಟ್ಟೆಯಿಡಲು ಜಿಬ್ರಾಲ್ಟರ್ ಜಲಸಂಧಿಯ ಮೂಲಕ ಮೆಡಿಟರೇನಿಯನ್‌ಗೆ ನುಗ್ಗುವ ಕಾಲವಿದು. ಊರಿನಲ್ಲಿ ಬೇರೆ ಮಾತೇ ಇಲ್ಲ.

ಇಲ್ಲಿನ ಅಲ್ಮಾದ್ರಾಬಾ ಬಲೆ ಮೀನಿನ ಬೆನ್ನು ಹತ್ತುವುದಿಲ್ಲ. ಲಂಗರು ಹಾಕಿ ನಿಲ್ಲಿಸಿದ ಬಲೆಯ ಗೋಡೆ ದಾರಿಗೆ ಅಡ್ಡವಾಗುತ್ತದೆ. ತಿರುಗಿದ ಮೀನು ಕೋಣೆಯಿಂದ ಕೋಣೆಗೆ ಸಾಗಿ ಕೊನೆಯದರಲ್ಲಿ ಸಿಕ್ಕಿಬೀಳುತ್ತದೆ. ಹತ್ತಿರದ ಬೊಲೋನಿಯಾ ಕಡಲತೀರದಲ್ಲಿ ರೋಮನ್ನರ ಬಾಯೆಲೊ ಕ್ಲಾಡಿಯಾ ಪಟ್ಟಣದ ಅವಶೇಷಗಳಿವೆ. ಮೀನಿಗೆ ಉಪ್ಪು ಹಾಕುತ್ತಿದ್ದ ಕಲ್ಲಿನ ತೊಟ್ಟಿಗಳು ಇಂದಿಗೂ ಬಾಯ್ದೆರೆದು ನಿಂತಿವೆ. ಒಂದರೊಳಗೆ ಇಣುಕಿದೆ: ನನಗಿಂತ ಆಳ.

ಮೀನು ಸೀಳುವುದನ್ನು ಪಕ್ಕದಲ್ಲೇ ನಿಂತು ನೋಡಿದೆ. ಮೇಜು ತುಂಬುವ ದೇಹ, ಕಡುನೀಲಿ ಬೆನ್ನು, ಬಾಲದ ಕಡೆಗೆ ಹಳದಿ ಕಿರುರೆಕ್ಕೆಗಳ ಸಾಲು. ಚಾಕು ಬೆನ್ನೆಲುಬಿಗೆ ತಗುಲಿ ಕರಕರ ಎಂದಿತು. ಒಳಗೆ ಕುರಿಮಾಂಸದಂಥ ಕೆಂಪು. ಸುತ್ತಲಿನ ನೀರಿಗಿಂತ ಮೈಯನ್ನು ಬೆಚ್ಚಗಿಟ್ಟುಕೊಳ್ಳಬಲ್ಲ ಅಪರೂಪದ ಮೀನು ಇದು. ಹೊಟ್ಟೆಯ ಕೊಬ್ಬಿನ ಭಾಗಕ್ಕೆ ಜಪಾನಿನಲ್ಲಿ ಎಲ್ಲಿಲ್ಲದ ಬೇಡಿಕೆ.

ಆ ಬೇಡಿಕೆಯೇ ಕುತ್ತು ತಂದದ್ದು. 1990ರ ದಶಕದಿಂದ ದೊಡ್ಡ ಹಡಗುಗಳು ಮೊಟ್ಟೆಯಿಡಲು ಗುಂಪುಗೂಡಿದ ಮೀನುಗಳನ್ನು, ನಮ್ಮ ಕರಾವಳಿಯವರೂ ಬಲ್ಲ ಪರ್ಸೀನ್ ಬಲೆಯಲ್ಲಿ ಸುತ್ತುವರಿದು, ಪಂಜರಗಳಲ್ಲಿ ಕೊಬ್ಬಿಸಿ ಮಾರತೊಡಗಿದವು. 2007ರಲ್ಲಿ ಪೂರ್ವ ಅಟ್ಲಾಂಟಿಕ್ ಮತ್ತು ಮೆಡಿಟರೇನಿಯನ್‌ನಲ್ಲಿ ಹಿಡಿಯಲು ಅನುಮತಿಯಿದ್ದದ್ದು 29,500 ಟನ್. ನಿಜವಾಗಿ ಹಿಡಿದದ್ದು ಸುಮಾರು 61,000 ಟನ್ ಎಂದು ಮಿತಿ ನಿಗದಿಮಾಡುವ ಅಂತರರಾಷ್ಟ್ರೀಯ ಟ್ಯೂನಾ ಆಯೋಗದ ವಿಜ್ಞಾನಿಗಳೇ ಅಂದಾಜಿಸಿದರು. 2010ರಲ್ಲಿ ಅಳಿವಿನಂಚಿನ ಜೀವಿಗಳ ವ್ಯಾಪಾರ ನಿಯಂತ್ರಿಸುವ ಒಪ್ಪಂದದ (ಸೈಟಿಸ್) ದೋಹಾ ಸಮ್ಮೇಳನದಲ್ಲಿ ಅಂತರರಾಷ್ಟ್ರೀಯ ವ್ಯಾಪಾರ ನಿಷೇಧಿಸುವ ಮೊನಾಕೊ ದೇಶದ ಪ್ರಸ್ತಾವ ಬಿದ್ದುಹೋಯಿತು. ಆದರೆ ನಿಷೇಧದ ಹೆದರಿಕೆಯ ನೆರಳಿನಲ್ಲೇ ಆಯೋಗ ಕತ್ತರಿ ಹಿಡಿಯಿತು: 2011ಕ್ಕೆ 12,900 ಟನ್. ಮೂವತ್ತು ಕಿಲೋಗಿಂತ ಕಡಿಮೆ ತೂಗುವ ಮೀನನ್ನು ಹಿಡಿಯುವುದಕ್ಕೆ ಅದಕ್ಕೂ ಮೊದಲೇ, ಕೆಲವು ವಿನಾಯಿತಿಗಳೊಂದಿಗೆ, ತಡೆಯಿತ್ತು.

ಬಲೆ ಕಟ್ಟಿ ಕಾದು ಕುಳಿತವನ ಪಾಲಿಗೂ ಹಡಗಿನಲ್ಲಿ ಬಾಚಿಕೊಂಡವನ ಪಾಲಿಗೂ ಅದೇ ಕತ್ತರಿ ಬಿದ್ದದ್ದು ನನಗೆ ಇಂದಿಗೂ ಅನ್ಯಾಯವೆನಿಸುತ್ತದೆ. ಆದರೆ ಮೀನು ಮರಳಿತು. 2021ರಲ್ಲಿ ಜೀವಿಗಳ ಅಳಿವಿನ ಅಪಾಯ ಅಳೆಯುವ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್ ಇದನ್ನು ಅಳಿವಿನಂಚಿನ ಪಟ್ಟಿಯಿಂದ ಕೆಳಗಿಳಿಸಿತು; 2023ರ ಮಿತಿ 40,570 ಟನ್. ಮೆಕ್ಸಿಕೊ ಕೊಲ್ಲಿಯಲ್ಲಿ ಮೊಟ್ಟೆಯಿಡುವ ಪಶ್ಚಿಮದ ಪಂಗಡ ಮಾತ್ರ ಇನ್ನೂ ಹಿಂದಿದೆ.

ರಾತ್ರಿ ಊಟಕ್ಕೆ ಮೊಹಾಮಾ ತರಿಸಿಕೊಂಡೆ: ಉಪ್ಪು ಹಾಕಿ ಒಣಗಿಸಿದ ಟ್ಯೂನಾದ ತೆಳು ಹೋಳುಗಳು, ಜೊತೆಗೆ ಬಾದಾಮಿ. ಬಹಳ ಉಪ್ಪು, ಬಹಳ ರುಚಿ. 2007ರಲ್ಲಾಗಿದ್ದರೆ ತಟ್ಟೆಯನ್ನು ಹಿಂದಕ್ಕೆ ಕಳಿಸುತ್ತಿದ್ದೆನೇನೋ. ಈ ಸಲ ಇನ್ನೊಂದು ತಟ್ಟೆ ಹೇಳಿದೆ.