ಮಾಯಾ ಪುಸ್ತಕಕ್ಕೆ ಕೋರ್ಟಿನ ನಿಯಮ

ಗೇಮ್ ಸ್ಟುಡಿಯೋ ಒಂದರಲ್ಲಿ ಕಥೆ ಬರೆಯುವುದು ನನ್ನ ಕೆಲಸ. ಈಗ ಮಾಡುತ್ತಿರುವ ಆಟದಲ್ಲಿ ಒಂದು ಕಾಲ್ಪನಿಕ ರಾಜ್ಯ ಇದೆ. ಅಲ್ಲಿನ ನ್ಯಾಯಸಭೆಯಲ್ಲಿ ಒಂದು ಮಾಯಾ ಪುಸ್ತಕ. ಯಾವ ಊರಲ್ಲಿ ತೀರ್ಪು ಕೊಟ್ಟರೂ ಅದರಲ್ಲಿ ತಾನಾಗಿಯೇ ಅಕ್ಷರ ಮೂಡುತ್ತದೆ.

ಅದಕ್ಕೆ ಇನ್ನೇನು ಶಕ್ತಿ ಕೊಡೋಣ ಅಂತ ಟೀಮಿನಲ್ಲಿ ಚರ್ಚೆ ಶುರುವಾಯಿತು. ಸುಳ್ಳು ಸಾಕ್ಷಿ ಹೇಳಿದವರ ಹೆಸರು ಕೆಂಪಾಗಲಿ ಅಂದರು ಒಬ್ಬರು. ತಪ್ಪು ತೀರ್ಪು ತಾನೇ ಅಳಿಸಿಹೋಗಲಿ ಅಂದರು ಇನ್ನೊಬ್ಬರು. ನನಗೆ ಎರಡೂ ಹಿಡಿಸಲಿಲ್ಲ. ಪುಸ್ತಕಕ್ಕೇ ಎಲ್ಲ ಗೊತ್ತಿದ್ದರೆ ಆಟಗಾರನಿಗೆ ಮಾಡೋಕೆ ಏನು ಉಳಿಯಿತು, ಅಲ್ವಾ?

ಹಾಗಾಗಿ ನಮ್ಮ ಕೋರ್ಟುಗಳ ನಿಯಮ ಓದುತ್ತಾ ಕೂತೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ ಇಂದಿಗೂ ಚಾಲ್ತಿಯಲ್ಲಿದೆ. ತೀರ್ಪಿಗೆ ಸಹಿ ಬಿದ್ದ ಮೇಲೆ ಅದನ್ನು ಸುಮ್ನೆ ತಿದ್ದುವ ಹಾಗಿಲ್ಲ. ಬರವಣಿಗೆಯ ತಪ್ಪು, ಲೆಕ್ಕದ ತಪ್ಪು ಇದ್ದರೆ 152ನೇ ಕಲಂ ಪ್ರಕಾರ ಸರಿಪಡಿಸಬಹುದು. ಮರುಪರಿಶೀಲನೆ ಬೇಕೆಂದರೆ ಬೇರೆ ಅರ್ಜಿಯೇ ಹಾಕಬೇಕು. ಇದನ್ನೇ ಪುಸ್ತಕದ ಮೊದಲ ನಿಯಮ ಮಾಡಿದೆವು. ಮುದ್ರೆ ಬಿದ್ದ ಪುಟದಲ್ಲಿ ಒಂದು ಸಾಲು ಅಳಿಸಲು ರಾಜನಿಗೂ ಆಗದು.

ಹಾಗಾದರೆ ತಪ್ಪು ತೀರ್ಪಿನ ಗತಿ? ಇಲ್ಲಿ ನನಗೆ ದಾರಿ ತೋರಿಸಿದ್ದು ಜಬಲ್ಪುರ ಪ್ರಕರಣ. ತುರ್ತು ಪರಿಸ್ಥಿತಿಯಲ್ಲಿ ಜೈಲಿಗೆ ಹಾಕಿದವರು ತಮ್ಮ ಬಂಧನವನ್ನು ಪ್ರಶ್ನಿಸಿ ಕೋರ್ಟಿಗೆ ಹೋಗುವಂತಿಲ್ಲ ಎಂದು 1976ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಐವರಲ್ಲಿ ನಾಲ್ವರು ಒಂದು ಕಡೆ. ನ್ಯಾಯಮೂರ್ತಿ ಎಚ್. ಆರ್. ಖನ್ನಾ ಒಬ್ಬರೇ ಒಪ್ಪಲಿಲ್ಲ. ಮರುವರ್ಷ ಅವರನ್ನು ದಾಟಿ ಕಿರಿಯರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದರು, ಅವರು ರಾಜೀನಾಮೆ ಕೊಟ್ಟರು.

2017ರಲ್ಲಿ ಖಾಸಗಿತನದ ಹಕ್ಕಿನ ಪ್ರಕರಣ ಬಂತು. ಅರ್ಜಿದಾರರು ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ. ಒಂಬತ್ತು ನ್ಯಾಯಮೂರ್ತಿಗಳ ಪೀಠ. ಆ ತೀರ್ಪಿನಲ್ಲೇ ಜಬಲ್ಪುರದ ತೀರ್ಪನ್ನು ರದ್ದು ಮಾಡಿದರು. ಹಾಗೆ ಬರೆದವರು ಡಿ. ವೈ. ಚಂದ್ರಚೂಡ್. 1976ರ ಆ ನಾಲ್ವರಲ್ಲಿ ಅವರ ತಂದೆ ವೈ. ವಿ. ಚಂದ್ರಚೂಡ್ ಕೂಡ ಇದ್ದರು! ಇದನ್ನು ಓದಿ ಸ್ವಲ್ಪ ಹೊತ್ತು ಮುಂದಿನ ಪುಟಕ್ಕೆ ಹೋಗಲು ಆಗಲಿಲ್ಲ ನನಗೆ.

ಹಳೆಯ ತೀರ್ಪನ್ನು ಯಾರೂ ಹರಿದು ಬಿಸಾಡಲಿಲ್ಲ. ಇಂದಿಗೂ ಓದಬಹುದು, ಖನ್ನಾ ಬರೆದದ್ದೂ ಜೊತೆಗೇ ಇದೆ. ಅದಕ್ಕೇ ನಮ್ಮ ಪುಸ್ತಕದಲ್ಲೂ ರದ್ದಾದ ಪುಟ ಹಾಗೇ ಉಳಿಯುತ್ತದೆ. ಅಂಚಿನಿಂದ ಒಂದು ದಾರ ಹೊರಟು ಹೊಸ ತೀರ್ಪಿನ ಪುಟಕ್ಕೆ ಹೋಗಿ ಸೇರುತ್ತದೆ. ಒಪ್ಪದ ನ್ಯಾಯಾಧೀಶರ ಮಾತು ಮೊದಲು ಮಸುಕಾಗಿರುತ್ತದೆ. ಮುಂದೆ ಯಾರಾದರೂ ಅದನ್ನು ಎತ್ತಿ ವಾದ ಮಾಡಿದಾಗಲೆಲ್ಲ ಶಾಯಿ ಕಪ್ಪಾಗುತ್ತಾ ಬರುತ್ತದೆ. ಆಟಗಾರ ಹುಡುಕಬೇಕಾದ್ದು ಇಂಥ ಮಸುಕು ಸಾಲುಗಳನ್ನೇ. ಪುಸ್ತಕ ನ್ಯಾಯ ಹೇಳುವುದಿಲ್ಲ, ನೆನಪಿಟ್ಟುಕೊಳ್ಳುತ್ತದೆ ಅಷ್ಟೇ. ಟೀಮಿನಲ್ಲಿ ಎಲ್ಲರೂ ಇದಕ್ಕೆ ಒಪ್ಪಿದರು.

ಇನ್ನು ತೀರ್ಪಿನ ನಕಲು ಪ್ರತಿಯ ವಿಷಯ. ಧರ್ಮಶಾಸ್ತ್ರಗಳಲ್ಲಿ ವ್ಯಾಜ್ಯ ಗೆದ್ದವರಿಗೆ ಜಯಪತ್ರ ಕೊಡುವ ಮಾತಿದೆ. ಆ ಹೆಸರನ್ನೇ ಇಟ್ಟುಕೊಂಡೆವು. ಈಗಿನ ಕೋರ್ಟಿನ ಸರ್ಟಿಫೈಡ್ ಕಾಪಿ ತಿರುಗಿಸಿ ನೋಡಿ. ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ, ಕೈಗೆ ಕೊಟ್ಟ ದಿನ ಎಂದು ಮುದ್ರೆ ಒತ್ತಿರುತ್ತಾರೆ. ಆ ದಿನಾಂಕಗಳಿಗೆ ಬೆಲೆ ಇದೆ. ಜಿಲ್ಲಾ ಕೋರ್ಟಿಗೆ ಮೇಲ್ಮನವಿ ಹಾಕಲು ಸಾಮಾನ್ಯವಾಗಿ 30 ದಿನ, ಹೈಕೋರ್ಟಿಗಾದರೆ 90 ದಿನ. 1963ರ ಕಾಲಮಿತಿ ಕಾಯ್ದೆ ಪ್ರಕಾರ ನಕಲು ಪಡೆಯಲು ಬೇಕಾದ ದಿನಗಳನ್ನು ಈ ಲೆಕ್ಕದಿಂದ ಬಿಡುತ್ತಾರೆ. ಕಾಯುವ ಬಡವರ ಪರವಾಗಿ ಯಾರೋ ಯೋಚಿಸಿ ಬರೆದ ನಿಯಮ ಇದು ಅಂತ ನನಗೆ ಅನ್ನಿಸುತ್ತದೆ.

ಮುಂದಿನ ಹಂತದಲ್ಲಿ ಒಬ್ಬ ರೈತ ಮಹಿಳೆ ಜಯಪತ್ರಕ್ಕೆ ಕಾಯುತ್ತಾ ನ್ಯಾಯಸಭೆಯ ಜಗಲಿ ಮೇಲೆ ಕೂತಿರುತ್ತಾಳೆ. ಅವಳು ಕಾದಷ್ಟು ಹೊತ್ತು ಪರದೆ ಮೇಲಿನ ಗಡುವಿನ ಗಡಿಯಾರ ನಿಂತಿರುತ್ತದೆ. ಈ ವಾರ ಅದರ ಸಂಭಾಷಣೆ ಬರೆಯುತ್ತಿದ್ದೇನೆ.